ಅವಳಿಗಳ ನಡುವೆ ಒಂದು ವರ್ಷ

ಶಾಲೆಯ ದಾಖಲೆಯ ಪ್ರಕಾರ ಪುಟ್ಟಿ ತನ್ನ ಅವಳಿ ಅಕ್ಕನಿಗಿಂತ ಒಂದು ವರ್ಷ ತಡವಾಗಿ ಹುಟ್ಟಿದ್ದಳು. ಹಾಸಿಗೆ ಹೊಲಿಯುವ ತಾತನಿಗೆ ಇದನ್ನು ಮೊದಲು ಕೇಳಿದಾಗ ನಗು ಬಂದಿತ್ತು. ಕಚೇರಿಯ ಬೆಂಚು ಸವೆಸುತ್ತ ಸವೆಸುತ್ತ ಆ ನಗು ಯಾವ ದಾರಿ ಹಿಡಿಯಿತೋ.

ಆದದ್ದು ಇಷ್ಟೇ. ಮೊಮ್ಮಕ್ಕಳನ್ನು ಶಾಲೆಗೆ ಸೇರಿಸುವ ದಿನ ಪುಟ್ಟಿಗೆ ಜ್ವರ. ಅಕ್ಕ ದೊಡ್ಡಿ ಒಬ್ಬಳೇ ಸೇರಿದಳು. ಜ್ವರ ಬಿಟ್ಟು ಕಡ್ಡಿಯಂತಾದ ಪುಟ್ಟಿ ಆಮೇಲೆ ಹೋದಾಗ, ಗುಮಾಸ್ತ ಅವಳನ್ನು ಮೇಲಿಂದ ಕೆಳಗೆ ನೋಡಿ, ತಾರೀಖು ತಿಂಗಳು ಅಕ್ಕನದೇ ಇಟ್ಟು, ವರ್ಷವನ್ನು ಮಾತ್ರ ಒಂದು ಮುಂದಕ್ಕೆ ತಳ್ಳಿದ್ದ. ಮೈ ನೋಡಿ ವಯಸ್ಸು ಬರೆಯುವುದು ಅವನ ಪದ್ಧತಿ. ಈಗ ನರ್ಸ್ ತರಬೇತಿಗೆ ದೊಡ್ಡಿಗೆ ಸೀಟು ಸಿಕ್ಕಿತ್ತು. ಪುಟ್ಟಿಗೆ ವಯಸ್ಸು ಸಾಲದೆ ಹೋಗಿತ್ತು.

“ಹೆರಿಗೆ ಆಸ್ಪತ್ರೆ ಚೀಟಿ ಕೊಟ್ಟಿದ್ದೀನಲ್ಲ ಸ್ವಾಮಿ. ಅವಳಿ ಹೆಣ್ಣು ಅಂತ ಇದೆ.”

“ಇದೆ ತಾತ. ಇವಳ ಹೆಸರೆಲ್ಲಿದೆ ಅದ್ರಲ್ಲಿ?” ಎಂದ ಅದೇ ಗುಮಾಸ್ತ.

“ಯಾವ ಮಗು ಹೆಸರು ಹೇಳ್ಕೊಂಡು ಹುಟ್ಟುತ್ತೆ?”

“ಅದು ನಿಮ್ಮ ಮನೆ ವಿಚಾರ. ಮನೆಯವರ ತಪ್ಪನ್ನ ನಾವು ತಿದ್ದೋ ಹಾಗಿಲ್ಲ. ಮೇಲಿನ ಕಚೇರಿಯಿಂದ ಆದೇಶ ಬರ್ಬೇಕು.”

“ಯಾವಾಗ ಬರುತ್ತೆ?”

“ಬಂದಾಗ ಬರುತ್ತೆ.”

ತಾತ ಮತ್ತೆ ಬೆಂಚಿಗೆ ಹೋಗಿ ಕೂತ. ಗಂಟುಗಟ್ಟಿದ ಹತ್ತಿಯನ್ನು ಎಳೆಎಳೆಯಾಗಿ ಬಿಡಿಸಿ ಬದುಕಿದವನು. ಆದರೆ ಹತ್ತಿ ಎದುರು ಮಾತಾಡುವುದಿಲ್ಲ.

ಆದೇಶ ಬಂದದ್ದು ತರಬೇತಿಗೆ ಸೇರಲು ಒಂದೇ ದಿನ ಉಳಿದಾಗ. ಇಬ್ಬರನ್ನೂ ಕರೆದುಕೊಂಡು ತಾತ ಶಾಲೆಗೆ ಓಡಿದ. ಗುಮಾಸ್ತ ಕಾಗದ ಓದಿದ: “‘ಅವಳಿಗಳಾದ್ದರಿಂದ ಇಬ್ಬರ ಜನ್ಮದಿನಾಂಕವೂ ಒಂದೇ ಇರತಕ್ಕದ್ದು. ಸರಿಪಡಿಸಿ.’ ಆಯ್ತಲ್ಲ ತಾತ, ಇನ್ನೇನು ಬೇಕು!” ದಾಖಲೆ ಪುಸ್ತಕ ತೆರೆದ. ಗೆರೆ ಎಳೆದ, ಬರೆದ, ಮುದ್ರೆ ಒತ್ತಿದ.

ಪುಟ್ಟಿ ಬಗ್ಗಿ ನೋಡಿದವಳೇ ಹಣೆ ಚಚ್ಚಿಕೊಂಡಳು. “ತಾತಾ, ಇವರು ಅಕ್ಕನ ವರ್ಷ ತಿದ್ದಿದ್ದಾರೆ!”

“ಅಂದ್ರೆ?”

“ಈಗ ನಾವಿಬ್ರೂ ಚಿಕ್ಕವರು!”

“ನನ್ನ ಸೀಟೂ ಹೋಯ್ತಾ?” ದೊಡ್ಡಿ ಅಳುವುದಕ್ಕೆ ಶುರುಮಾಡಿದಳು.

“ಒಂದೇ ಮಾಡು ಅಂತ ಆದೇಶ, ಮಾಡಿದ್ದೀನಿ,” ಎಂದ ಗುಮಾಸ್ತ. “ಅಕ್ಕನ ಪುಟ ಮೊದಲು ಸಿಕ್ತು. ಸರಿಯಾಗ್ಲಿಲ್ಲ ಅಂದ್ರೆ ಮತ್ತೆ ಅರ್ಜಿ ಹಾಕಿ.”

ತಾತ ಎದ್ದು ನಿಂತ. ಅವನ ದನಿ ಅಷ್ಟು ಎತ್ತರಕ್ಕೆ ಏರಬಲ್ಲದೆಂದು ಮೊಮ್ಮಕ್ಕಳಿಗೂ ಗೊತ್ತಿರಲಿಲ್ಲ. “ಹೊಲಿಗೆ ಬಿಟ್ಟ ಹಾಸಿಗೆ ತಂದ್ರೆ ಚೆನ್ನಾಗಿರೋದನ್ನೂ ಹರಿದು ಕೊಡ್ತೀಯೇನಯ್ಯಾ! ಇದು ಯಾರ ತಪ್ಪು? ನನ್ನ ಕಣ್ಣೆದುರಿಗೇ ಆಯ್ತಲ್ಲ, ಇದೂ ಮನೆಯವರದೇನಾ?”

ಗಲಾಟೆಗೆ ಒಳಕೋಣೆಯಿಂದ ಮುಖ್ಯೋಪಾಧ್ಯಾಯಿನಿ ಬಂದರು. ಪುಸ್ತಕ ನೋಡಿದರು, ಹುಡುಗಿಯರ ಮುಖ ನೋಡಿದರು, ಕೊನೆಗೆ ಗುಮಾಸ್ತನ ಮುಖ ನೋಡಿದರು.

“ಇದು ನೀವು ಈಗ ಮಾಡಿದ್ದಾ?”

“ಹೌದು ಮೇಡಂ.”

“ಹಾಗಾದ್ರೆ ಕಚೇರಿ ತಪ್ಪು. ಇಲ್ಲೇ ತಿದ್ದಬಹುದು, ಯಾರನ್ನೂ ಕೇಳಬೇಕಾಗಿಲ್ಲ. ಪೆನ್ನು ಕೊಡಿ.” ದೊಡ್ಡಿಯ ವರ್ಷ ಮೊದಲಿನಂತಾಯಿತು. ಗುಮಾಸ್ತ ಪುಸ್ತಕ ಮುಚ್ಚಲು ಕೈ ಚಾಚಿದ.

“ನಿಲ್ಲಿ. ಇಬ್ಬರದೂ ಒಂದೇ ಇರಬೇಕು ಅಂತ ಆದೇಶ ಇದೆಯಲ್ಲ? ತಂಗಿ ಪುಟ ತೆಗೀರಿ.”

ಪುಟ್ಟಿಯ ಪ್ರಮಾಣಪತ್ರ ಕೈಗೆ ಬಂದಾಗ ತಾತ ಅವಳಿಂದ ವರ್ಷವನ್ನು ಓದಿಸಿದ. ಮತ್ತೊಮ್ಮೆ ಓದಿಸಿದ. ದೊಡ್ಡಿಯಿಂದಲೂ ಓದಿಸಿದ. ಆಮೇಲೆ ಇಬ್ಬರ ರಟ್ಟೆ ಹಿಡಿದು ಮೆಟ್ಟಿಲಿಳಿದ.

“ತಾತ, ಗುಮಾಸ್ತರು ಕೂಗ್ತಿದ್ದಾರೆ. ನಿಮ್ಮ ಛತ್ರಿ ಅಲ್ಲೇ ಉಳೀತಂತೆ.”

“ಇಟ್ಕೊಳ್ಳಲಿ,” ಎಂದ ತಾತ, ಹೆಜ್ಜೆ ಬಿರುಸು ಮಾಡುತ್ತ. “ತಿರುಗಿ ನೋಡ್ಬೇಡಿ. ಕರೆದು ಇನ್ನೇನಾದ್ರೂ ಸರಿಪಡಿಸಿಬಿಟ್ಟಾನು.”