ಮಹಡಿಯ ಮೇಲಿನ ವರ್ಗ ವಿಶ್ಲೇಷಣೆ

೨೦೨೫ರ ನವೆಂಬರ್ ಹದಿನಾರು, ಭಾನುವಾರ, ಬೆಳಿಗ್ಗೆ ಹತ್ತು ಗಂಟೆ ನಲವತ್ತು ನಿಮಿಷಕ್ಕೆ ಚನ್ನಕೇಶವ ತನ್ನ ಪ್ರಬಂಧದ ಕೊನೆಯ ಪುಟ ಓದಿ ಮುಗಿಸಿ, ಕನ್ನಡಕ ತೆಗೆದು ಅಂಗಿಯ ತುದಿಯಲ್ಲಿ ಒರೆಸಿಕೊಂಡ. ಯಾರೂ ಚಪ್ಪಾಳೆ ತಟ್ಟಲಿಲ್ಲ. ಅವರ ಬಳಗದಲ್ಲಿ ಚಪ್ಪಾಳೆಯ ರೂಢಿ ಇರಲಿಲ್ಲ.

ಶಿಡ್ಲಘಟ್ಟದಲ್ಲಿ ಸಾದಿಕ್ ಪಾಷಾನ ರೇಷ್ಮೆ ನೂಲಿನ ಶೆಡ್ಡಿನ ಮೇಲೆ ಕಟ್ಟಿದ ಕೋಣೆ ಅದು. ಶೆಡ್ಡಿಗೆ ಶುಕ್ರವಾರ ರಜೆ, ಭಾನುವಾರ ಕೆಲಸ. ಹಾಗಾಗಿ ಮೇಲೆ ಚರ್ಚೆ ನಡೆಯುವಾಗಲೆಲ್ಲ ಕೆಳಗೆ ಚರಕಗಳು ಗರಗರ ಎನ್ನುತ್ತಿದ್ದವು, ಕಿಟಕಿ ಮುಚ್ಚಿದರೂ ಬೆಂದ ಹುಳುವಿನ ವಾಸನೆ ಒಳಗೆ ಬರುತ್ತಿತ್ತು. ಮಾರ್ಕ್ಸ್‌ವಾದಿ ಅಧ್ಯಯನ ಬಳಗಕ್ಕೆ ಆ ವಾಸನೆ ಅಭ್ಯಾಸವಾಗಿ ಏಳು ವರ್ಷಗಳೇ ಆಗಿದ್ದವು.

ಬಳಗದಲ್ಲಿ ಊರಿಗೊಂದು ಪಂಥ. ಗೌರಿಬಿದನೂರಿನ ಬ್ಯಾಂಕ್ ನೌಕರ ಮೋಹನ್‌ಬಾಬು ಸಂರಚನಾವಾದಿ. ಚರಿತ್ರೆಯನ್ನು ನಡೆಸುವುದು ಮನುಷ್ಯರಲ್ಲ, ರಚನೆಗಳು ಎಂಬುದು ಅವನ ವಾದ. ಚಿಂತಾಮಣಿಯ ಹೈಸ್ಕೂಲು ಶಿಕ್ಷಕಿ ಶೋಭಾರಾಣಿ ಅದನ್ನು ಕೇಳಿದೊಡನೆ ಸಿಡುಕುತ್ತಿದ್ದಳು. ದುಡಿಮೆಗಾರ ತನ್ನ ದುಡಿಮೆಗೇ ಪರಕೀಯನಾಗುವುದೇ ಮೂಲದ ನೋವು, ಮನುಷ್ಯನನ್ನು ತೆಗೆದುಹಾಕಿದರೆ ಉಳಿಯುವುದು ಬರೀ ಯಂತ್ರ ಎನ್ನುವ ಮಾನವತಾವಾದಿ ಅವಳು. ಸಾದಿಕ್ ಹಳೆಯ ಪಕ್ಷದ ದಾರಿಯವನು. ಆರ್ಥಿಕ ತಳಪಾಯ ಸರಿಹೋದರೆ ಮೇಲಿನದೆಲ್ಲ ತಾನಾಗಿ ಸರಿಹೋಗುತ್ತದೆ ಎಂದು ಅಪ್ಪನಿಂದ ಕಲಿತದ್ದನ್ನು ಬಿಟ್ಟುಕೊಟ್ಟವನಲ್ಲ. ಚಿಕ್ಕಬಳ್ಳಾಪುರದ ಕಾಲೇಜಿನಲ್ಲಿ ಭೌತಶಾಸ್ತ್ರ ಹೇಳುವ ಚನ್ನಕೇಶವ ಮೂವರ ಮಾತನ್ನೂ ಜೋಡಿಸಿ ಕೊನೆಗೊಂದು ತೀರ್ಮಾನ ಬರೆದುಕೊಡುವವನು.

ಈ ಸಲದ ಪ್ರಬಂಧಕ್ಕೆ ಕಾರಣಳಾದವಳು ಬಾಗಿಲ ಪಕ್ಕದಲ್ಲೇ ಕೂತಿದ್ದಳು. ಸಾಬ್ರೀನ್, ಬಿ.ಕಾಂ. ಎರಡನೆಯ ವರ್ಷ. ಅವಳ ತಾಯಿ ಖತೀಜಾ ಬೀ ಕೆಳಗಿನ ಶೆಡ್ಡಿನಲ್ಲಿ ನೂಲು ತೆಗೆಯುವವಳು. ಚರಕದ ಪದ್ಧತಿಯಲ್ಲಿ ರೇಷ್ಮೆಗೂಡು ಬೇಯುವುದೂ ಅದೇ ಬಾಣಲೆಯಲ್ಲಿ, ಎಳೆ ಹುಡುಕಿ ತೆಗೆಯುವುದೂ ಅದೇ ಬಾಣಲೆಯಲ್ಲಿ. ಬೆರಳನ್ನು ದಿನವಿಡೀ ಆ ನೀರಿಗೆ ಅದ್ದಿ ಅದ್ದಿ ಖತೀಜಾ ಬೀಯ ಬಲಗೈಯ ಎರಡು ಉಗುರು ಬಿದ್ದುಹೋಗಿದ್ದವು. ನೀರಿನ ಬಿಸಿ ಇಳಿಯಬೇಕು, ಇಲ್ಲವೇ ಕೆಲಸ ಬಿಡಬೇಕು ಎಂದು ಡಾಕ್ಟರು ಹೇಳಿದ್ದರು. ಗೂಡು ಬೇಯಿಸಲು ಬೇರೆ ಪಾತ್ರೆ, ಬೇರೆ ಒಲೆ ಇಟ್ಟರೆ ಬಾಣಲೆಯಲ್ಲಿ ಉಗುರುಬೆಚ್ಚಗಿನ ನೀರು ಸಾಕಾಗುತ್ತಿತ್ತು. ಅಷ್ಟೊಂದು ಬಿಸಿ ಎಲ್ಲಿದೆ ಎನ್ನುವುದು ಶೆಡ್ಡಿನ ಮಾಲೀಕರ ಉತ್ತರ.

ಜುಲೈನಲ್ಲಿ ಸಾಬ್ರೀನ್ ಕೇಳಿದ್ದು ಇಷ್ಟೇ: "ಸಾರ್, ನೀವು ಸೈನ್ಸ್ ಮೇಷ್ಟ್ರು. ಒಂದ್ಸಲ ನೀರು ಅಳೆದು, ಇಷ್ಟು ಬಿಸಿ ಇದೆ ಅಂತ ಹೇಳಿ. ನಾವು ಹೇಳಿದ್ರೆ ಹೆಂಗಸರ ಗೋಳು ಅಂತಾರೆ."

ಬೇರೆ ಊರಿನ ಬೇರೆ ಶೆಡ್ಡಾಗಿದ್ದರೆ ಚನ್ನಕೇಶವ ಮಾರನೆಯ ದಿನವೇ ಹೋಗುತ್ತಿದ್ದ. ಇದು ಸಾದಿಕ್‌ನ ಶೆಡ್ಡು. ಬಿ.ಎಸ್ಸಿ. ಓದುವಾಗ ಅವನಿಗೆ ಈ ಸಿದ್ಧಾಂತದ ಮೊದಲ ಪಾಠ ಹೇಳಿದವರು ಸಾದಿಕ್‌ನ ತಂದೆ. ಚನ್ನಕೇಶವ ಹೇಳಿದ: "ತಕ್ಷಣದ ಬೇಡಿಕೆಗೆ ಇಳಿಯೋಕೆ ಮುಂಚೆ ವರ್ಗ ವಿಶ್ಲೇಷಣೆ ಆಗಬೇಕಮ್ಮ. ತಾನೂ ಬಾಣಲೆ ಮುಂದೆ ಕೂತು ದುಡಿಯೋ ಸಣ್ಣ ರೀಲರ್, ಅಂದ್ರೆ ನೂಲಿನ ಶೆಡ್ಡಿನವನು, ಶೋಷಕನೋ ಶೋಷಿತನೋ, ಅದು ಮೊದಲು ತೀರ್ಮಾನ ಆಗಲಿ."

ಆ ತೀರ್ಮಾನಕ್ಕೆ ನಾಲ್ಕು ತಿಂಗಳು ಹಿಡಿಯಿತು. ಇವತ್ತು ಓದಿದ ಪ್ರಬಂಧದ ಪ್ರಕಾರ ಸಣ್ಣ ರೀಲರ್ ದೊಡ್ಡ ಬಂಡವಾಳಕ್ಕೂ ದುಡಿಮೆಗೂ ನಡುವೆ ಸಿಕ್ಕಿಕೊಂಡ ದ್ವಂದ್ವದ ಜೀವಿ. ಬಾಣಲೆಯ ಬಿಸಿ ಒಂದು ಲಕ್ಷಣ ಮಾತ್ರ, ಮೂಲ ವೈರುಧ್ಯವಲ್ಲ.

"ಅಬ್ಬಬ್ಬಾ, ಕೇಶವಾ ಗಾರು!" ಎಂದ ಮೋಹನ್‌ಬಾಬು. "ಸಾದಿಕ್‌ನ ಎತ್ತಿ ತ್ರಿಶಂಕು ಸ್ವರ್ಗದಲ್ಲಿ ಕೂರಿಸಿಬಿಟ್ರಲ್ಲ. ಬಾಡಿಗೆ ಎಷ್ಟಂತೆ ಅಲ್ಲಿ?"

"ನಗಬೇಡ್ರಿ," ಎಂದಳು ಶೋಭಾರಾಣಿ. "ಪರಕೀಯತೆ ಬಗ್ಗೆ ಎರಡೇ ಸಾಲು ಇದೆ. ಇನ್ನೂ ವಿಸ್ತಾರ ಆಗಬೇಕು."

ಸಾದಿಕ್ ಮೀಸೆಯಲ್ಲೇ ನಕ್ಕ. "ನಾನು ಸಿಕ್ಕಿಕೊಂಡಿರೋದು ನಿಜ ಬಿಡಿ. ಮನೇಲೂ ಹಂಗೇ ಹೇಳ್ತಾರೆ."

"ಸಾರ್," ಎಂದಳು ಸಾಬ್ರೀನ್. "ನೀರು ಎಷ್ಟು ಬಿಸಿ ಇದೆ ಅಂತ ಅದರಲ್ಲಿ ಬರೆದಿದೀರಾ?"

"ಅದು ಪ್ರಮಾಣದ ಪ್ರಶ್ನೆ ಅಲ್ಲಮ್ಮ, ಸಂಬಂಧದ ಪ್ರಶ್ನೆ," ಎಂದ ಚನ್ನಕೇಶವ. ಹೇಳಿ ಮುಗಿಸುವಷ್ಟರಲ್ಲೇ ತನ್ನ ಮಾತು ತನಗೇ ಬೇರೆಯವರ ಮಾತಿನಂತೆ ಕೇಳಿಸಿತು. ಅಳೆಯದೆ ಬಿಸಿ, ತಂಪು ಎಂದ ವಿದ್ಯಾರ್ಥಿಯನ್ನು ಪ್ರಯೋಗಾಲಯದಿಂದ ಹೊರಗೆ ಕಳಿಸುವ ಮೇಷ್ಟ್ರು ಅವನು.

ಅಷ್ಟರಲ್ಲಿ ಖತೀಜಾ ಬೀ ಚಹಾ ತಂದಳು. ಸ್ಟೀಲಿನ ಲೋಟಗಳು, ಆಗತಾನೇ ಕುದಿದ ಚಹಾ. ತಟ್ಟೆ ಇರಲಿಲ್ಲ. ಬಲಗೈಯಲ್ಲಿ ಮೂರು ಲೋಟ ಒತ್ತಾಗಿ ಹಿಡಿದು ಮೆಟ್ಟಿಲು ಹತ್ತಿ ಬಂದಿದ್ದಳು. ಚನ್ನಕೇಶವ ಒಂದನ್ನು ತೆಗೆದುಕೊಂಡವನೇ ಬೆರಳು ಸುಟ್ಟು, ಲೋಟವನ್ನು ನೆಲಕ್ಕೆ ಕುಕ್ಕಿದ. ಚಹಾ ಪ್ರಬಂಧದ ಮೇಲೆ ಚೆಲ್ಲಿತು.

"ಅಯ್ಯೋ, ಅಷ್ಟು ಬಿಸಿ ಇತ್ತಾ ಮೇಷ್ಟ್ರೇ?" ಎಂದು ಖತೀಜಾ ಬೀ ಗಾಬರಿಯಾದಳು. "ನನ್ನ ಕೈಗೆ ಗೊತ್ತೇ ಆಗಲ್ಲ ನೋಡಿ." ಉಳಿದೆರಡು ಲೋಟಗಳನ್ನು ಅವಳು ಇನ್ನೂ ಹಿಡಿದೇ ಇದ್ದಳು.

ಮೋಹನ್‌ಬಾಬುವಿಗೂ ಜೋಕು ಹೊಳೆಯಲಿಲ್ಲ. ಚನ್ನಕೇಶವ ತಲೆ ಬಗ್ಗಿಸಿ ಒದ್ದೆ ಹಾಳೆಗಳನ್ನು ಒಂದೊಂದಾಗಿ ಬಿಡಿಸಿದ. ಅಷ್ಟೂ ಪುಟಗಳಲ್ಲಿ ಈ ಕೈಯ ಬಗ್ಗೆ ಒಂದು ಮಾತೂ ಇರಲಿಲ್ಲ. ತಲೆ ಎತ್ತಿದರೆ ಸಾಬ್ರೀನ್‌ಳ ಕಣ್ಣು ಎದುರಾಗುತ್ತದೆಂದು, ಒಣಗಿದ ಹಾಳೆಯನ್ನೂ ಮತ್ತೆ ಒರೆಸಿದ.

ಎಲ್ಲರೂ ಇಳಿದುಹೋದ ಮೇಲೆ ಸಾದಿಕ್ ಅವನ ಜೊತೆ ಬಸ್ ಸ್ಟ್ಯಾಂಡಿನವರೆಗೆ ನಡೆದು ಬಂದ.

"ಕೇಶವ, ನನ್ನ ಮುಖ ನೋಡ್ಕೊಂಡೇ ಬರೆದೆ ಅಲ್ವೇನೋ ಅದನ್ನ?"

ಚನ್ನಕೇಶವ ಚೀಲವನ್ನು ಇನ್ನೊಂದು ಹೆಗಲಿಗೆ ಬದಲಾಯಿಸಿಕೊಂಡ.

"ಬರೀಬೇಡ ಅನ್ನಲ್ಲ. ಆದ್ರೆ ಅಳೆಯೋಕೆ ಮಾತ್ರ ಬರಬೇಡ ಕಣೋ. ನಾನು ಬೇರೆ ಒಲೆ ಇಟ್ರೆ ಅದಕ್ಕೊಂದು ಆಳು ಬೇಕು, ಸೌದೆ ಬೇಕು, ನೂಲೂ ನಿಧಾನ ಆಗುತ್ತೆ. ಈ ಬೀದೀಲಿ ಎಲ್ಲರೂ ನನ್ನ ಕಡೆ ನೋಡ್ತಾರೆ. ನಾನು ಬಗ್ಗಿದ್ರೆ ಎಲ್ಲರೂ ಬಗ್ಗಬೇಕು. ಆಮೇಲೆ ನಮ್ಮೋರೇ ನನ್ನನ್ನ ಉಗೀತಾರೆ."

"ಒಂದು ವೇಳೆ ಬಂದ್ರೆ?"

"ಬಂದ್ರೆ ಬಾ. ಮೇಲಿನ ರೂಮು ಮರೆತುಬಿಡು."

ಚಿಕ್ಕಬಳ್ಳಾಪುರದ ಬಸ್ಸಿನಲ್ಲಿ ಕೂತಾಗ ಚನ್ನಕೇಶವನಿಗೆ ತನ್ನ ನಾಲ್ಕು ತಿಂಗಳ ಓದು ಹೇಸಿಗೆ ತರಿಸಿತು. ಓದಿದ್ದು ಸುಳ್ಳಾಗಿರಲಿಲ್ಲ, ವಾಕ್ಯ ವಾಕ್ಯವೂ ಸರಿಯಾಗಿಯೇ ಇತ್ತು. ಸ್ನೇಹಿತನನ್ನು ಎದುರುಹಾಕಿಕೊಳ್ಳಲಾಗದ ಒಬ್ಬ ಸಾಧಾರಣ ಹೇಡಿ, ಅಷ್ಟು ಸರಿಯಾದ ವಾಕ್ಯಗಳ ಹಿಂದೆ ಅಡಗಿ ಕೂತಿದ್ದ. ಇನ್ನು ತಡಮಾಡಬಾರದು ಎಂದುಕೊಂಡ. ಆದರೂ ಮಂಗಳವಾರ ಸಂಜೆ ಕಾಲೇಜಿನ ಉಷ್ಣಮಾಪಕವನ್ನು ಚೀಲಕ್ಕೆ ಹಾಕಿಕೊಳ್ಳುವ ಮುಂಚೆ ಸಾದಿಕ್‌ಗೆ ಫೋನ್ ಮಾಡಿದ. "ನಾಳೆ ಹನ್ನೊಂದಕ್ಕೆ ಬರ್ತೀನಿ ಕಣೋ. ಹೇಳದೆ ಬರೋದು ಸರಿಯಲ್ಲ ಅಂತ." ಆ ಕಡೆಯಿಂದ ಸಾದಿಕ್ "ಹ್ಞೂಂ" ಎಂದಷ್ಟೇ ಅಂದ.

ಬುಧವಾರ ಶೆಡ್ಡಿನಲ್ಲಿ ಎಂದಿನ ಹಬೆ ಇರಲಿಲ್ಲ. ಒಲೆಯ ಬೆಂಕಿಯನ್ನು ಹಿಂದಕ್ಕೆ ಎಳೆದಿದ್ದರು. ಎಳೆಗಳು ಮತ್ತೆ ಮತ್ತೆ ತುಂಡಾಗುತ್ತಿದ್ದವು, ಚರಕ ತಿರುಗುವುದಕ್ಕಿಂತ ನಿಲ್ಲುವುದೇ ಹೆಚ್ಚಾಗಿತ್ತು.

"ಇವತ್ತು ನಮ್ಮ ಬಾಣಲೆಗೆ ಮದುವೆ, ಮೇಷ್ಟ್ರೇ," ಎಂದಳು ಖತೀಜಾ ಬೀ. "ಬೆಳಿಗ್ಗೆಯಿಂದ ತಣ್ಣೀರಲ್ಲಿ ಸ್ನಾನ ಮಾಡಿಸ್ತಾ ಇದಾರೆ."

ಪಕ್ಕದ ಹೆಂಗಸರು ಸೆರಗು ಬಾಯಿಗಿಟ್ಟು ನಕ್ಕರು. ಸಾದಿಕ್ ಗೋಡೆಗೊರಗಿ, ಬೀದಿಯ ಕಡೆ ಮುಖ ಮಾಡಿ ನಿಂತಿದ್ದ. ಚನ್ನಕೇಶವ ಉಷ್ಣಮಾಪಕ ಇಟ್ಟು ನೋಡಿದ: ನಲವತ್ತಾರು. ಒರೆಸಿ ಚೀಲದಲ್ಲಿಟ್ಟ.

ಕಾಲೇಜಿಗೆ ಹೊರಟಿದ್ದ ಸಾಬ್ರೀನ್ ಬಾಗಿಲಲ್ಲಿ ಅವನನ್ನು ತಡೆದಳು. "ಸಾರ್, ಬರ್ತೀನಿ ಅಂತ ಸಾದಿಕ್ ಮಾಮೂಗೆ ಫೋನ್ ಮಾಡಿದ್ರಾ?"

"ಹ್ಞೂಂ."

"ಯಾಕ್ ಸಾರ್?"

ಸೌಜನ್ಯಕ್ಕೆ ಎಂದು ಹೇಳಹೊರಟವನು ಚೀಲದ ಪಟ್ಟಿ ಸರಿಮಾಡಿಕೊಂಡ. ಆಮೇಲೆ, ತಪ್ಪು ಉತ್ತರ ಕೊಟ್ಟ ಮಗುವನ್ನು ಕೂರಿಸುವ ಹಾಗೆ ಮೆಲ್ಲಗೆ ಅಂದಳು: "ಹೋಗ್ಲಿ ಬಿಡಿ ಸಾರ್. ನಿಮಗೂ ಕಷ್ಟ." ಬೈದಿದ್ದರೆ ತಡೆದುಕೊಳ್ಳುತ್ತಿದ್ದ. ಆ ಮಾತು ಅವನ ಜೊತೆ ಮನೆಗೆ ಬಂತು, ಊಟಕ್ಕೆ ಕೂತಿತು. ಮಾರನೆಯ ದಿನ ತರಗತಿಯಲ್ಲಿ ಬೋರ್ಡಿನ ಮೇಲೆ ಉಷ್ಣತೆಯ ಸೂತ್ರ ಬರೆಯುವಾಗ ಕೈ ತಡೆಯಿತು.

ಶನಿವಾರ ರಜೆ ಹಾಕಿ, ಯಾರಿಗೂ ಹೇಳದೆ ಬಸ್ಸು ಹತ್ತಿದ. ಶೆಡ್ಡಿನ ಬಾಗಿಲಲ್ಲೇ ಹಬೆ ಮುಖಕ್ಕೆ ಹೊಡೆದು ಕನ್ನಡಕ ಮಂಜಾಯಿತು. ಸಾದಿಕ್ ತಾನೇ ಒಂದು ಬಾಣಲೆಯ ಮುಂದೆ ಕೂತು ಎಳೆ ತೆಗೆಯುತ್ತಿದ್ದ. ಇವನನ್ನು ಕಂಡು ಕೈ ನಿಂತಿತು.

"ಫೋನ್ ಮಾಡ್ಲಿಲ್ಲ?"

"ಇಲ್ಲ ಕಣೋ."

ಸಾದಿಕ್ ಎದ್ದು ಬಂದು, ಒದ್ದೆ ಕೈಯನ್ನು ಮುಂದೆ ಚಾಚಿದ. ಅವನ ಬೆರಳ ತುದಿಗಳೂ ಬೆಳ್ಳಗೆ ಉಬ್ಬಿ ಸುಲಿದಿದ್ದವು. ಏಳು ವರ್ಷದಲ್ಲಿ ಚನ್ನಕೇಶವ ಅದನ್ನೂ ನೋಡಿರಲಿಲ್ಲ.

"ಮೇಲಿನ ರೂಮಿನ ಕೀ ಕೊಡು."

ಚನ್ನಕೇಶವ ಬಳಗ ಶುರುವಾದಾಗಿನಿಂದ ತನ್ನ ಬಳಿಯಿದ್ದ ಕೀಯನ್ನು ಗೊಂಚಲಿನಿಂದ ಬಿಡಿಸಿ ಆ ಅಂಗೈಯ ಮೇಲಿಟ್ಟ. ಕ್ಷಮಿಸು ಎನ್ನಲು ಬಾಯಿ ತೆರೆದ. ಯಾರಲ್ಲಿ ಮೊದಲು ಕೇಳಬೇಕೆಂದು ತಿಳಿಯದೆ ಮುಚ್ಚಿದ. ಸಾದಿಕ್ ಹೊರಗೆ ಹೋಗಲಿಲ್ಲ. ಬೆಂಕಿಯನ್ನೂ ಮುಟ್ಟಲಿಲ್ಲ. ಕೀಯನ್ನು ಜೇಬಿಗೆ ಹಾಕಿಕೊಂಡು ಅಲ್ಲೇ ನಿಂತ.

ಖತೀಜಾ ಬೀ ಸ್ವಲ್ಪ ಸರಿದು ಜಾಗ ಮಾಡಿದಳು. "ಅಲ್ಲಿ ಬೇಡ ಮೇಷ್ಟ್ರೇ, ಒಲೆ ಪಕ್ಕದಲ್ಲಿ ಇಟ್ರೆ ಸುಳ್ಳು ಅಂತಾರೆ. ನಾನು ಬೆರಳು ಹಾಕೋ ಕಡೆ ಇಡಿ."

ಅವಳು ತೋರಿಸಿದ ಕಡೆಯೇ ಇಟ್ಟ. ತೇಲುವ ಗೂಡುಗಳ ನಡುವೆ ಅವಳ ಬೆರಳುಗಳು ಎಂದಿನಂತೆ ಮುಳುಗಿ ಏಳುತ್ತಿದ್ದವು. ಅವನ ಕೈ ಹಬೆಗೇ ಹಿಂದೆ ಸರಿಯಲು ನೋಡಿತು, ಸರಿಯಗೊಡಲಿಲ್ಲ. ಪಾದರಸ ಏರಿ ನಿಲ್ಲುವವರೆಗೆ ಕಾದು, ಕನ್ನಡಕ ಒರೆಸಿಕೊಂಡು ಇನ್ನೊಮ್ಮೆ ನೋಡಿದ. ಆಮೇಲೆ ಚರಕಗಳ ಸದ್ದನ್ನು ಮೀರಿ, ಸಾದಿಕ್‌ಗೂ ಕೇಳಿಸುವಂತೆ ಓದಿದ.

ಎಂಬತ್ತಮೂರು ಡಿಗ್ರಿ ಸೆಲ್ಸಿಯಸ್.