ಕೊಟ್ಟ ಡ್ರಮ್ಮನ್ನು ವಾಪಸ್ ಕೇಳಲು ಬಂದ ಮಾರ್ಥಾಬಾಯಿ

ಕೊಹಿನೂರು ಎಂಬ ಹಳ್ಳಿಯ ಒಂದು ಓಣಿಗೆ ನಳದ ನೀರು ಯಾವಾಗ ಬರುತ್ತದೆ ಎಂದು ಕೇಳಿದರೆ ಯಾರೂ ಖಚಿತವಾಗಿ ಹೇಳುವುದಿಲ್ಲ. ಬಂದಾಗ ಬರುತ್ತದೆ. ಬಂದಾಗ ಹಿಡಿದಿಟ್ಟುಕೊಂಡವರೇ ಜಾಣರು. ಕೊಡಗಳು ಎಷ್ಟೆಂದು ಹಿಡಿದಾವು? ಅದಕ್ಕೇ ಈ ಕಡೆ ಮನೆಗಳ ಮುಂದೆ ಒಂದು ನೀಲಿ ಪ್ಲಾಸ್ಟಿಕ್ ಡ್ರಮ್ ನಿಂತಿರುತ್ತದೆ. ನಿಮ್ಮ ಮನೆ ಮುಂದೆಯೂ ಇದ್ದೀತು. ಇದ್ದರೆ ಈ ಕಥೆಯನ್ನು ಪೂರ್ತಿ ಕೇಳಿ, ಒಲೆ ಮೇಲೆ ಬ್ಯಾಳಿ ಇಟ್ಟು ಬಂದೀನಿ ಎಂದು ನಡುವೆ ಎದ್ದು ಹೋಗಬೇಡಿ.

ಆಡು ಕಾಯುವ ಅಮೋಘಸಿದ್ದಪ್ಪನ ಮನೆಗೆ ಆ ಡ್ರಮ್ ಪುಕ್ಕಟೆ ಬಂದಿತ್ತು. ಹುಮನಾಬಾದಿನ ಒಂದು ಚಿಕ್ಕ ಲೂಥರನ್ ಕ್ರೈಸ್ತ ಸಭೆಯವರು ಬೇಸಿಗೆ ಶುರುವಾದಾಗ ನೀರಿನ ತೊಂದರೆ ಇರುವ ಮನೆಗಳನ್ನು ಹುಡುಕಿ ಹಂಚಿದ್ದರು. ನಿಮ್ಮ ಜಾತಿ ಯಾವುದು, ನೀವು ಯಾವ ದೇವರಿಗೆ ಕೈ ಮುಗಿಯುತ್ತೀರಿ ಎಂದು ಕೇಳಲಿಲ್ಲ. ಟೆಂಪೋದಲ್ಲಿ ಕೂತು ಬಂದು ಹಂಚಿದವಳು ಮಾರ್ಥಾಬಾಯಿ. ಆಕೆ ಸಭೆಯ ಮಹಿಳಾ ಸಂಘದ ಮುಂದಾಳು, ಹೆಣ್ಣುಮಕ್ಕಳಿಗೆ ಹೊಲಿಗೆ ಕಲಿಸುವಾಕೆ. ಮಾತು ಸ್ವಲ್ಪ ಜೋರು, ಮನಸ್ಸು ಸಾಫ್.

ಅಮೋಘಸಿದ್ದಪ್ಪನ ಹೆಂಡತಿ ಸುಮನಬಾಯಿ ಹೊಸ ಡ್ರಮ್ಮಿಗೆ ಸೋಪಿನ ಪುಡಿ ಹಾಕಿ ಉಜ್ಜಿ ತೊಳೆದು, ಅರಿಶಿನ ಕುಂಕುಮ ಹಚ್ಚಿ, ಕುಡಿಯುವ ನೀರು ತುಂಬಿಸಿದಳು. ಓಣಿಯಲ್ಲಿ ಆಕೆಯ ಡ್ರಮ್ಮೇ ದೊಡ್ಡದು. ಅದನ್ನು ನಾಲ್ಕು ಮಂದಿಗೆ ಹೇಳಿಕೊಳ್ಳಲೂ ಮರೆಯಲಿಲ್ಲ.

ತಕರಾರು ಬಂದದ್ದು ಸೊಸೆ ಪೂನಂಳಿಂದ. ಆಕೆ ಏಳು ತಿಂಗಳ ಬಸುರಿ, ಇದು ಮೊದಲ ಕೂಸು.

“ಅತ್ತಿ, ಈ ನೀರು ಒಂಥರಾ ವಾಸನಿ ಹೊಡೀತದ್ರಿ,” ಎಂದಳು ಒಂದು ದಿನ.

“ಬಸರಿ ಹೆಣ್ಣಿಗಿ ಮಲ್ಲಿಗಿ ಹೂವೂ ವಾಸನೀನೇ ಹೊಡೀತದ. ಸುಮ್ಮ ಕುಡಿ,” ಎಂದಳು ಸುಮನಬಾಯಿ.

ಅಲ್ಲಿಗೆ ಮಾತು ಮುಗಿಯಿತು. ಸುಮನಬಾಯಿ ಕೆಟ್ಟ ಅತ್ತೆಯಲ್ಲ. ಸೊಸೆಗೆ ದಿನಾ ಆಡಿನ ಹಾಲು ಕಾಸಿ ಕೊಡುತ್ತಿದ್ದಳು, ಭಾರ ಎತ್ತಲು ಬಿಡುತ್ತಿರಲಿಲ್ಲ. ಆದರೆ ತನಗೆ ಗೊತ್ತಿದ್ದದ್ದೇ ಖರೆ ಎನ್ನುವ ಸ್ವಭಾವ. ಇಂಥವರು ಎಲ್ಲ ಮನೆಯಲ್ಲೂ ಒಬ್ಬರಿರುತ್ತಾರೆ, ಹೆಸರು ಹೇಳುವುದು ಬೇಡ.

ಅಮೋಘಸಿದ್ದಪ್ಪನಿಗೂ ಒಂದು ಅನುಮಾನವಿತ್ತು. ಒಂದು ಸಂಜೆ ಆ ಡ್ರಮ್ಮಿನ ನೀರನ್ನೇ ಬೋಗುಣಿಗೆ ಸುರಿದು ಆಡುಗಳ ಮುಂದೆ ಇಟ್ಟಿದ್ದ. ಆಡು ಮುಟ್ಟದ ಸೊಪ್ಪಿಲ್ಲ ಎನ್ನುತ್ತಾರೆ. ಆ ಆಡುಗಳು ಮೂಸಿ ನೋಡಿ ಮುಖ ತಿರುಗಿಸಿದವು. ಆದರೆ ಹೆಂಡತಿಯ ಮುಂದೆ ಆಡಿನ ಮಾತು ಎತ್ತಿದರೆ ಏನು ಕೇಳಬೇಕಾಗುತ್ತದೆ ಎಂದು ಅವನಿಗೆ ಗೊತ್ತಿತ್ತು. ಸುಮ್ಮನಾದ.

ಅತ್ತ ಹುಮನಾಬಾದಿನಲ್ಲಿ ಮಾರ್ಥಾಬಾಯಿ ಹುಲಸೂರ ಕಡೆಯ ಮನೆಗಳಿಗೂ ಡ್ರಮ್ ಕೊಡಿಸಬೇಕೆಂದು, ಮೊದಲ ಸಲ ಕೊಂಡಿದ್ದ ಅದೇ ಗುಜರಿ ಅಂಗಡಿಗೆ ಹೋದಳು. ಅಂಗಡಿಯ ಹಿಂದೆ ಆಳುಗಳು ಆಗಷ್ಟೇ ಬಂದ ಡ್ರಮ್ಮುಗಳನ್ನು ತೊಳೆಯುತ್ತಿದ್ದರು. ಒಬ್ಬ ಚಾಕುವಿನಿಂದ ಡ್ರಮ್ಮಿಗೆ ಅಂಟಿದ್ದ ಚೀಟಿ ಕೆರೆಯುತ್ತಿದ್ದ. ಚೀಟಿಯ ಮೇಲೆ ತಲೆಬುರುಡೆಯ ಚಿತ್ರವಿತ್ತು.

“ಇವೇನು?” ಎಂದು ಅಂಗಡಿಯವನನ್ನು ಕೇಳಿದಳು.

“ಕಂಪನಿ ಮಾಲು ಬಾಯಿ. ಒಳಗ ಕೆಮಿಕಲ್ ಇತ್ತು. ಈಗ ಖಾಲಿ ಅದ, ತೊಳದ್ರ ಸಾಫ್.”

“ಮೊದಲ ನಾವು ಒಯ್ದದ್ದು?”

“ಅವೂ ಇವೇ. ಅಗ್ಗದಾಗ ಕೊಡು ಅಂದ್ರಿ, ಕೊಟ್ಟೀನಿ. ನೀರಿಗಿ ಅಂತ ನೀವು ಹೇಳಲಿಲ್ಲ, ನಾ ಕೇಳಲಿಲ್ಲ.”

ಮಾರ್ಥಾಬಾಯಿ ಡ್ರಮ್ ಕೊಳ್ಳಲಿಲ್ಲ. ಅಲ್ಲಿಂದ ನೇರ ಸರ್ಕಾರಿ ದವಾಖಾನೆಗೆ ಹೋಗಿ ಡಾಕ್ಟರನ್ನು ಕೇಳಿದಳು. ಡಾಕ್ಟರ್ ಹೇಳಿದ್ದು ಇಷ್ಟೇ: ಆ ಡ್ರಮ್ಮಿನಲ್ಲಿ ಏನಿತ್ತೋ ಗೊತ್ತಿಲ್ಲ, ಗೊತ್ತಿಲ್ಲದ್ದಕ್ಕೇ ಅದರ ನೀರು ಕುಡಿಯಬಾರದು. ಪ್ಲಾಸ್ಟಿಕ್ಕು ಒಳಗಿನ ಕೆಮಿಕಲ್ ಹೀರಿಕೊಂಡಿರುತ್ತದೆ, ಆಮೇಲೆ ಸ್ವಲ್ಪ ಸ್ವಲ್ಪವೇ ನೀರಿಗೆ ಬಿಡುತ್ತದೆ. ಬಿಸಿಲಲ್ಲಿ ಇಟ್ಟರೆ ಇನ್ನೂ ಹೆಚ್ಚು. ಬಸುರಿಯರು, ಚಿಕ್ಕ ಮಕ್ಕಳು ಇರುವ ಮನೆಗಳಲ್ಲಂತೂ ಬೇಡವೇ ಬೇಡ.

ಭಾನುವಾರ ಆರಾಧನೆ ಮುಗಿದ ಮೇಲೆ ಆಕೆ ಈ ವಿಷಯವನ್ನು ಸಭೆಯ ಮುಂದೆ ಇಟ್ಟಳು.

“ಯಾರಿಗೂ ಏನೂ ಆದ ಸುದ್ದಿ ಇಲ್ಲ,” ಎಂದರು ಹಿರಿಯರೊಬ್ಬರು. “ಈಗ ಊರಾಗ ಹೋಗಿ ಡಂಗುರ ಹೊಡದ್ರ ಸಭಾದ ಹೆಸರು ಕೆಡ್ತದ. ಮುಂದಿನ ಸಲ ನೋಡಿ ತಗೊಂಡ್ರಾಯ್ತು.”

“ಹೆಸರು ನಮ್ದು, ಹೊಟ್ಟಿ ಅವರ್ದು,” ಎಂದಳು ಮಾರ್ಥಾಬಾಯಿ. “ಈಗ ಒಂದು ತಾಸಿನ ಹಿಂದ ಎಲ್ಲಾರೂ ಕೂಡಿ ‘ದೇವರೇ, ನಮ್ದು ತಪ್ಪಾಗ್ಯಾದ’ ಅಂತ ಅರಿಕಿ ಮಾಡ್ಕೊಂಡೀವಿ. ವಾರಾ ವಾರಾ ಮಾಡ್ಕೋತೀವಿ. ಆ ಮಾತು ಚರ್ಚಿನ ಬಾಗಲ ದಾಟಂಗಿಲ್ಲೇನ್ರಿ? ಕೊಹಿನೂರ ತನಕ ಹೋಗಂಗಿಲ್ಲೇನು?”

ಹಿರಿಯರು ಕೆಟ್ಟವರೇನಲ್ಲ. ಹೆಸರಿನ ಚಿಂತೆ ಯಾರಿಗಿರುವುದಿಲ್ಲ? ಅವರು ತಲೆ ಕೆರೆದುಕೊಂಡರು. ಪಾಸ್ಟರ್ ಮಾತ್ರ, “ಚರ್ಚಿಗಿ ಬಣ್ಣ ಮುಂದಿನ ವರ್ಷ ಹಚ್ಚಿದ್ರಾಯ್ತು. ಆ ರೊಕ್ಕದಾಗ ನೀರು ತುಂಬೂ ಹೊಸ ಡ್ರಮ್ ತರೂಣ. ಹಳೇವು ಹೊಳ್ಳಿ ತಗೊಂಡು ಬರ್ರಿ,” ಎಂದರು.

ಹೀಗೆ ಮಾರ್ಥಾಬಾಯಿ ಟೆಂಪೋದಲ್ಲಿ ಹೊಸ ಡ್ರಮ್ಮುಗಳನ್ನು ಹೇರಿಕೊಂಡು ಮತ್ತೆ ಕೊಹಿನೂರಿಗೆ ಬಂದಳು. ಮೊದಲು ಬಂದದ್ದೇ ಸುಮನಬಾಯಿಯ ಮನೆಗೆ, ಆ ಮನೆಯಲ್ಲಿ ಬಸುರಿ ಇದ್ದಾಳೆಂದು ಆಕೆಗೆ ನೆನಪಿತ್ತು.

ಈ ಸೀಮೆಯಲ್ಲಿ ಮನೆಗೆ ಬಂದವರಿಗೆ ಮೊದಲು ನೀರು, ಆಮೇಲೆ ಮಾತು. ಸುಮನಬಾಯಿ ಡ್ರಮ್ಮಿನಿಂದ ಒಂದು ಚರಿಗೆ ನೀರು ಮೊಗೆದು ತಂದು ಕೊಟ್ಟಳು. ಮಾರ್ಥಾಬಾಯಿ ತೆಗೆದುಕೊಂಡಳು, ಕುಡಿಯದೆ ಪಕ್ಕಕ್ಕಿಟ್ಟಳು. ಸುಮನಬಾಯಿ ಅದನ್ನು ನೋಡಿಯೂ ನೋಡದಂತೆ ಇದ್ದಳು.

ಮಾರ್ಥಾಬಾಯಿ ಇದ್ದದ್ದನ್ನು ಇದ್ದ ಹಾಗೆ ಹೇಳಿದಳು. “ತಪ್ಪು ನಮ್ದೇ ಅಕ್ಕಾ. ಅಗ್ಗ ನೋಡಿದ್ವಿ, ಒಳಗ ಏನಿತ್ತಂತ ಕೇಳಲಿಲ್ಲ. ಇದು ಕೊಡ್ರಿ, ಹೊಸಾದು ಇಟ್ಕೋರಿ.”

“ಕೊಟ್ಟಿದ್ದು ಹೊಳ್ಳಿ ಕೇಳ್ತಾರೇನ್ರಿ ಯಾರಾರ?” ಎಂದಳು ಸುಮನಬಾಯಿ. “ತಿಳೀತು ಬಿಡ್ರಿ. ನಾವು ನಿಮ್ಮ ಪ್ರಾರ್ಥನಾಕ ಬರಲಿಲ್ಲ, ಅದಕ್ಕ ಈ ನಾಟಕ.”

“ನಾ ಎಂದರ ಕರದೀನೇನು ನಿಮಗ?”

“ಕರದಿಲ್ಲ. ಕರೀದೇ ಇದ್ದದ್ದಕ್ಕೇ ನನಗ ಅನುಮಾನ!”

ಕಟ್ಟೆಯ ಮೇಲೆ ಕೂತಿದ್ದ ಅಮೋಘಸಿದ್ದಪ್ಪನಿಗೆ ನಗು ಬಂತು. ಹೆಂಡತಿ ತಿರುಗಿ ನೋಡಿದಳು, ನಗು ನಿಂತಿತು.

“ಇಷ್ಟು ದಿನ ಕುಡದೀವಿ, ಸತ್ತೀವೇನು?” ಎಂದಳು ಸುಮನಬಾಯಿ. “ನಾನೇ ನನ್ನ ಕೈಲೆ ಉಜ್ಜಿ ಉಜ್ಜಿ ತೊಳದೀನಿ.”

“ಸೀಮಿ ಎಣ್ಣಿ ಇಟ್ಟ ಡಬ್ಬಿ ಎಷ್ಟು ತೊಳದ್ರ ಅಡಗಿ ಎಣ್ಣಿ ಹಾಕಾಕ ಬರ್ತದ್ರಿ? ಇದೂ ಹಂಗೇ. ಇಂಥಾದ್ದು ಕುಡದ ದಿನಾನೇ ತೋರಸಂಗಿಲ್ಲ. ಒಳಗೊಳಗ ಕೂಡ್ತದ.”

“ಏನರ ಅನ್ರಿ, ದಾನ ಕೊಟ್ಟು ಹೊಳ್ಳಿ ಇಸ್ಕೊಂಡ್ರ ನಿಮ್ಮ ಪುಣ್ಯಾ ಎಲ್ಲಾ ಹೋಗ್ತದ. ನಿಮ್ಮ ಸಲುವಾಗೇ ಹೇಳಾಕತ್ತೀನಿ.”

ಮಾರ್ಥಾಬಾಯಿ ಸುಮನಬಾಯಿಯ ಹತ್ತಿರಕ್ಕೆ ಸರಿದು ಕೂತಳು. ಆಮೇಲೆ ಜೋರಿಲ್ಲದ ದನಿಯಲ್ಲಿ ಹೇಳಿದಳು. “ಅಕ್ಕಾ, ನಾವು ಲೂಥರನ್ ಮಂದಿ ಪುಣ್ಯಾ ಗಳಿಸಾಕ ಕೊಡಂಗಿಲ್ಲ. ದೇವರ ದಯಾ ಹಂಗೇ ಸಿಗ್ತದ, ಡ್ರಮ್ ಕೊಟ್ಟು ಅದನ್ನ ತಗೊಳ್ಳಾಕ ಬರಂಗಿಲ್ಲ ಅಂತ ನಮಗ ಸಣ್ಣವರಿದ್ದಾಗಿಂದ ಕಲಿಸ್ಯಾರ. ಮತ್ತ ಯಾಕ ಕೊಟ್ವಿ? ನಿಮಗ ನೀರಿನ ತಕಲೀಫ್ ಇತ್ತು, ಅದಕ್ಕ. ಈಗ ಅದೇ ಡ್ರಮ್ಮಿಂದ ನಿಮಗ ಕೆಟ್ಟದಾಗಾಕತ್ತಿದ್ರ ನಾವು ಮಾಡಿದ್ದು ಛಲೋ ಕೆಲಸ ಹ್ಯಾಂಗ ಆದೀತು ಹೇಳ್ರಿ?”

ಮಾತಿನಲ್ಲಿ ಸೋಲುವಂತಾದರೆ ಸುಮನಬಾಯಿಗೆ ಸಿಟ್ಟು ಬರುತ್ತದೆ. ಕಣ್ಣು ಆ ಚರಿಗೆಯ ಮೇಲೆ ಬಿತ್ತು.

“ಬಂದಾಗಿಂದ ನೋಡಾಕತ್ತೀನಿ, ನಮ್ಮ ಮನಿ ನೀರು ಮುಟ್ಟಿಲ್ಲ ನೀವು. ನಾವು ನಿಮ್ಮ ಕೈಯಾಂದು ಡ್ರಮ್ ತಗೋಬೇಕು, ನೀವು ನಮ್ಮ ಕೈಯಾಂದು ನೀರು ಕುಡಿಯಂಗಿಲ್ಲ? ಇದು ಯಾವ ಊರ ರಿವಾಜು?”

ಈ ಮಾತು ಚುಚ್ಚುವಂಥದ್ದೇ. ಒಂದು ಕಾಲದಲ್ಲಿ ಮಾರ್ಥಾಬಾಯಿಯ ಅಜ್ಜಿಯ ಕೈ ನೀರನ್ನು ಊರಿನ ಎಷ್ಟೋ ಮನೆಗಳು ಮುಟ್ಟುತ್ತಿರಲಿಲ್ಲ. ಅದು ಇಬ್ಬರಿಗೂ ಗೊತ್ತಿತ್ತು.

“ನಿಮ್ಮ ಮನಿ ನೀರು ಬ್ಯಾಡ ಅಂದಿಲ್ಲ ಅಕ್ಕಾ. ಈ ಡ್ರಮ್ಮಿನ ನೀರು ಬ್ಯಾಡ. ನನಗ ಅಂಜಿಕಿ ಆಗ್ತದ.”

“ಅಂಜಿಕಿ ಅಂತ! ಪೂನಂ, ಬಾ ಇಲ್ಲಿ. ಈ ಚರಗಿ ನೀರು ಕುಡದು ತೋರಸು ಇವರಿಗಿ, ಏನೂ ಆಗಂಗಿಲ್ಲಂತ.”

ಪೂನಂ ಬಂದಳು. ಅತ್ತೆ ಕೊಟ್ಟ ಚರಿಗೆಯನ್ನು ಹಿಡಿದುಕೊಂಡಳು. ಮಾರ್ಥಾಬಾಯಿ ತಟ್ಟನೆ ಎದ್ದು ಚರಿಗೆಯ ಬಾಯಿಯ ಮೇಲೆ ಅಂಗೈ ಮುಚ್ಚಿದಳು.

“ಡ್ರಮ್ ಕೊಟ್ಟಾಕಿ ನಾನು. ನಾನೇ ಕುಡಿಯಾಕ ಅಂಜತೀನಿ. ಈ ಹೊಟ್ಟ್ಯಾಗಿನ ಕೂಸು ಕುಡೀಬೇಕೇನ್ರಿ ಅಕ್ಕಾ?”

ಆಗ ಪೂನಂ ಚರಿಗೆಯನ್ನು ನೆಲಕ್ಕಿಟ್ಟು ತಲೆ ತಗ್ಗಿಸಿ ಹೇಳಿದಳು.

“ನಾ ಕುಡಿಯಂಗಿಲ್ಲ ಅತ್ತಿ. ಇದು ಕುಡದಾಗೆಲ್ಲಾ ವಾಂತಿ ಆಗ್ತಿತ್ತು. ಅದಕ್ಕ ಬಾಜೂ ಮನಿ ವಜೀರಬಿ ಚಾಚಿ ಕಡೆ ಹೋಗಿ ಗಡಗಿ ನೀರು ಕುಡದು ಬರ್ತೀನಿ. ಭಾಳ ದಿನ ಆಯ್ತು.”

“ಮಂದಿ ಮನಿಗಿ ಹೋಗಿ ನೀರು ಬೇಡಿದೇನು? ನನಗ ಯಾಕ ಹೇಳಲಿಲ್ಲ?”

“ಹೇಳಿದ್ನಲ್ರಿ. ಮಲ್ಲಿಗಿ ಹೂವೂ ವಾಸನಿ ಹೊಡೀತದ ಅಂದ್ರಿ.”

ಸುಮನಬಾಯಿ ಕಟ್ಟೆಯ ಮೇಲೆ ಕೂತುಬಿಟ್ಟಳು. ಅಮೋಘಸಿದ್ದಪ್ಪ ಇದೇ ಸಮಯ ಎಂದು, “ಆಡೂ ಮುಟ್ಟಲಿಲ್ಲ ಈ ನೀರು,” ಎಂದು ಮೆಲ್ಲಗೆ ಸೇರಿಸಿದ. ಹೆಂಡತಿ ಬೈಯಲಿಲ್ಲ. ಅದನ್ನು ನೋಡಿ ಅವನಿಗೇ ಗಾಬರಿಯಾಯಿತು.

ಸುಮನಬಾಯಿ ಸೊಸೆಯ ಕೈ ಹಿಡಿದು ಪಕ್ಕದಲ್ಲಿ ಕೂರಿಸಿಕೊಂಡಳು. “ಛಲೋ ಮಾಡ್ದಿ ನನ್ನವ್ವಾ. ನನ್ನ ಮಾತು ಕೇಳಲಿಲ್ಲ, ಛಲೋ ಮಾಡ್ದಿ,” ಎಂದಳು. ಕಣ್ಣಲ್ಲಿ ನೀರು ಬಂದಿತ್ತು. ಸೆರಗಿನಿಂದ ಒರೆಸಿಕೊಂಡಳು.

ಮಾರ್ಥಾಬಾಯಿ ಹೇಳಿದಂತೆ ಡ್ರಮ್ಮಿನ ನೀರನ್ನು ಊರಿನ ಬೋರ್‌ವೆಲ್ಲಿನಿಂದಲೂ ಆಡುಗಳಿಂದಲೂ ದೂರ ಒಯ್ದು ಚೆಲ್ಲಿದರು. ಡ್ರಮ್ಮನ್ನು ಟೆಂಪೋಗೆ ಏರಿಸುವಾಗ ಸುಮನಬಾಯಿ ತಡೆದಳು. “ನಿಂದರ್ರಿ. ಇದು ಮತ್ತ ಗುಜರಿಗಿ ಹೋದ್ರ, ಮತ್ತೊಬ್ಬಾಕಿ ತೊಳದು ನೀರು ತುಂಬತಾಳ.” ಗಂಡನಿಂದ ಕೊಡಲಿ ತರಿಸಿ ಡ್ರಮ್ಮಿನ ತಳಕ್ಕೆ ತಾನೇ ತೂತು ಹೊಡೆದಳು. ಇದು ಮಾರ್ಥಾಬಾಯಿಗೂ ಹೊಳೆದಿರಲಿಲ್ಲ.

ಓಣಿಯ ಉಳಿದ ಮನೆಗಳಲ್ಲಿ ಕೊಟ್ಟದ್ದನ್ನು ವಾಪಸ್ ಕೊಡಲು ಮತ್ತೆ ಅದೇ ತಕರಾರು. ಸುಮನಬಾಯಿ ಮಾರ್ಥಾಬಾಯಿಯನ್ನು ಹಿಂದೆ ನಿಲ್ಲಿಸಿ, “ನೀವು ಸುಮ್ಮ ಇರ್ರಿ, ನಿಮಗ ನಮ್ಮ ಮಂದಿ ಕೂಡ ಮಾತಾಡಾಕ ಬರಂಗಿಲ್ಲ,” ಎಂದು ತಾನೇ ಮುಂದಾದಳು. ಮರುದಿನ ಸೊಸೆಯನ್ನು ಕರೆದುಕೊಂಡು ದವಾಖಾನೆಗೆ ಹೋಗಿ, ಆ ನೀರು ಕುಡಿದ ವಿಷಯವನ್ನು ಮುಚ್ಚಿಡದೆ ಹೇಳಿದಳು. ಡಾಕ್ಟರ್ ತಪಾಸಣೆ ಮಾಡಿ, ಕೂಸು ಸದ್ಯ ಚೆನ್ನಾಗಿದೆ, ಆದರೂ ತಪ್ಪದೆ ತೋರಿಸಿಕೊಳ್ಳುತ್ತಿರಿ ಎಂದರು.

ಅಕ್ಕಂದಿರೇ, ಅಣ್ಣಂದಿರೇ, ಡ್ರಮ್ ಕೊಳ್ಳುವ ಮೊದಲು ಒಳಗೆ ಏನಿತ್ತು ಎಂದು ಕೇಳಿ. ತಲೆಬುರುಡೆ ಅಥವಾ ಬೆಂಕಿಯ ಗುರುತು ಇದ್ದರೆ, ಚೀಟಿ ಕೆರೆದ ಕಲೆ ಇದ್ದರೆ, ಮಾರುವವನಿಗೇ ಉತ್ತರ ಗೊತ್ತಿಲ್ಲದಿದ್ದರೆ, ಎಷ್ಟು ಅಗ್ಗವಾದರೂ ಬಿಟ್ಟು ಬನ್ನಿ. ಅದರಲ್ಲಿ ನೀರೂ ಬೇಡ, ಜೋಳವೂ ಬೇಡ, ದನಕ್ಕೆ ಕುಡಿಸುವ ನೀರೂ ಬೇಡ. ವಾಸನೆ ಇಲ್ಲವೆಂದ ಮಾತ್ರಕ್ಕೆ ಸಾಫ್ ಎಂದು ನಂಬಬೇಡಿ. ಸುಡಬೇಡಿ, ಹೊಗೆಯೂ ಕೆಟ್ಟದ್ದೇ. ತೂತು ಹೊಡೆದು, ಏನು ಮಾಡಬೇಕೆಂದು ಗ್ರಾಮ ಪಂಚಾಯಿತಿಯಲ್ಲಿ ಕೇಳಿ.

ದಾನ ಮಾಡುವವರೇ, ನೀವು ಚರ್ಚಿನವರಿರಲಿ, ಮಠದವರಿರಲಿ, ಮಸೀದಿಯವರಿರಲಿ, ನೀವೇ ಕುಡಿಯಲು ಅಂಜುವ ನೀರನ್ನು ಬಡವರ ಬಾಗಿಲಿಗೆ ಒಯ್ಯಬೇಡಿ. ಗೊತ್ತಿಲ್ಲದೆ ಒಯ್ದಿದ್ದರೆ, ಗೊತ್ತಾದ ದಿನವೇ ಹೋಗಿ ಹೇಳಿ.

ಮನೆಯಲ್ಲಿ ಯಾರಾದರೂ ನೀರು ವಾಸನೆ ಬರುತ್ತದೆ ಎಂದರೆ, ಅವಳು ನಿನ್ನೆ ಬಂದ ಸೊಸೆಯೇ ಇರಲಿ, ಮೊದಲು ನೀವೂ ಮೂಸಿ ನೋಡಿ. ಬೈಯುವುದಿದ್ದರೆ ಆಮೇಲೆ ಬೈಯಿರಿ.