ರೇವಾಳನ್ನು ಬಿಡಿಸಿದವಳು

ಶರಣವ್ವನ ಬಲಗೈ ಹೆಬ್ಬೆರಳು ಈಗ ಮಡಚುವುದಿಲ್ಲ. ಉಪ್ಪಿನಕಾಯಿ ಬಾಟಲಿಯ ಮುಚ್ಚಳ ತೆಗೆಯಲೂ ಪಕ್ಕದ ಅಪಾರ್ಟ್‌ಮೆಂಟಿನ ಪದ್ಮಜಾ ಬರಬೇಕು. ಮೂವತ್ತೆರಡು ವರ್ಷ ಕುಂಚ ಹಿಡಿದ ಕೈ ಅದು.

ಬಾಗಲಕೋಟೆಯಿಂದ ಅಮೆರಿಕದ ಯೂನಿಯನ್ ಸಿಟಿಗೆ ಬಂದ ಎರಡೇ ವರ್ಷಕ್ಕೆ ಗಂಡ ತೀರಿಕೊಂಡ. ಮಗಳಿಗೆ ಉಬ್ಬಸ. ವಿಮೆ ಇಲ್ಲದೆ ಆಸ್ಪತ್ರೆಯ ಮೆಟ್ಟಿಲು ಹತ್ತುವಂತಿರಲಿಲ್ಲ. ಶರಣವ್ವ ಡ್ರಾಯಿಂಗ್ ಟೀಚರ್ ಸರ್ಟಿಫಿಕೇಟು ಹಿಡಿದು ಅಲೆದಳು. ಸ್ಯಾನ್ ಫ್ರಾನ್ಸಿಸ್ಕೋದ ಒಂದು ಕಾಮಿಕ್ಸ್ ಕಂಪನಿಯಲ್ಲಿ ಬಣ್ಣ ಹಚ್ಚುವ ಕೆಲಸ ಸಿಕ್ಕಿತು, ಜೊತೆಗೆ ವಿಮೆಯೂ. ಆ ಕೆಲಸಕ್ಕೆ ಅಲ್ಲಿ ಸೇರಿದ ಮೊದಲ ಹೆಂಗಸು ಅವಳೇ. ಹೆಂಗಸರಿಗೆ ಟಾಯ್ಲೆಟ್ಟೂ ಇರಲಿಲ್ಲ. ಕೆಳಗಿನ ಮಹಡಿಯ ಹಲ್ಲಿನ ಡಾಕ್ಟರ ಕ್ಲಿನಿಕ್ಕಿಗೆ ಹೋಗಬೇಕಿತ್ತು. ಪಾಪ, ಆ ಡಾಕ್ಟರು ಇವಳನ್ನು ಕಂಡಾಗಲೆಲ್ಲ ಬಾಯಿ ತೆರೆಯಲು ಹೇಳುತ್ತಿದ್ದರು.

ಮಾಲೀಕ ಗಾರ್ಡನ್. ರೇವಾ ಎಂಬ ಸಾಹಸಿ ಹುಡುಗಿಯ ಕಥೆಗಳಿಗೆ ಚಿತ್ರಕಾರನೂ ಅವನೇ. ರೇವಾ ಹುಟ್ಟಿದ್ದು ಇಂಡಿಯಾದಲ್ಲಿ. ಮೈಬಣ್ಣ ಮಾತ್ರ ಗುಲಾಬಿ.

“ಸರ್, ಈಕಿ ಹಂದಿಮರಿ ಆಗ್ಯಾಳಲ್ರೀ!” ಎಂದಳು ಶರಣವ್ವ. ಅವಳ ಇಂಗ್ಲಿಷಿನಲ್ಲೂ ಬಾಗಲಕೋಟೆಯೇ ಕೇಳಿಸುತ್ತಿತ್ತು.

ತಟ್ಟೆಯಲ್ಲಿ ಏಳು ಬಗೆಯ ಕಂದು ಬಣ್ಣ ಕಲಸಿದಳು. ರೇವಾಳಿಗೆ ಜೀವ ಬಂತು. ಓದುಗರ ಪತ್ರಗಳು ಚೀಲಗಟ್ಟಲೆ ಬಂದವು. ಅದೇ ವರ್ಷ ಗಾರ್ಡನ್‌ಗೆ ಬೆನ್ನುನೋವು ಶುರುವಾಯಿತು. ಗಾಲ್ಫ್ ಆಡುವಾಗ ಇರದ ನೋವು ಪೆನ್ಸಿಲ್ ಹಿಡಿದರೆ ಬರುತ್ತಿತ್ತು. ಚಿತ್ರವನ್ನೂ ಶರಣವ್ವನೇ ಬಿಡಿಸತೊಡಗಿದಳು. ಅಚ್ಚಾಗುತ್ತಿದ್ದದ್ದು ಗಾರ್ಡನ್ ಹೆಸರು.

“ನನ್ನ ಹೆಸರೂ ಹಾಕ್ರಿ” ಎಂದು ಒಮ್ಮೆ ಕೇಳಿದಳು.

“ಶ್ಯಾರನ್, ಎರಡು ಹೆಸರು ನೋಡಿದ್ರೆ ಓದುಗರಿಗೆ ಗೊಂದಲ ಆಗುತ್ತೆ. ಮಗಳ ಇನ್ಶೂರೆನ್ಸು ಸರಿಯಾಗಿ ನಡೀತಿದೆ ತಾನೆ?” ಗಾರ್ಡನ್ ಬಾಯಲ್ಲಿ ಶರಣವ್ವ ಶ್ಯಾರನ್ ಆಗಿದ್ದಳು.

ಅವಳು ಕುಂಚ ಎತ್ತಿಕೊಂಡಳು.

ಶರಣವ್ವ ನಿವೃತ್ತಳಾದ ಮೇಲೆ, ಈ ವರ್ಷ, ಕಂಪನಿ ರೇವಾಳ ಎಲ್ಲ ಕಥೆಗಳ ದಪ್ಪ ಪುಸ್ತಕ ತಂದಿತು. ಪದ್ಮಜಾ ಕೊನೆಯ ಪುಟದ ಕೃತಜ್ಞತೆ ಓದಿದಳು.

“ಕಾಫಿ ಮಷೀನ್ ರಿಪೇರಿ ಮಾಡ್ದೋನ ಹೆಸ್ರಿದೆ. ಬಿಸ್ಕಿಟ್ ಅಂತ ಇನ್ಯಾರೋ ಇದ್ದಾರೆ.”

“ಅದು ಗಾರ್ಡನ್‌ನ ನಾಯಿ.”

“ನಿಮ್ಮ ಹೆಸರೇ ಇಲ್ವಲ್ಲ ಶರಣವ್ವನೋರೇ!”

“ಆ ನಾಯಿ ಮಾಡಿದ್ದರ ಏನ್ರೀ? ನನ್ನ ಎರಡು ಕುಂಚ ಕಡದು ಹಾಕೇತಿ, ಅಷ್ಟ!” ಶರಣವ್ವ ಹೊಟ್ಟೆ ಹಿಡಿದುಕೊಂಡು ನಕ್ಕಳು. ಆಮೇಲೆ ನಗು ನಿಂತಿತು. “ಶನಿವಾರ ಮೌಂಟನ್ ವ್ಯೂದ ಪುಸ್ತಕದಂಗಡ್ಯಾಗ ಅವ ಪುಸ್ತಕಕ್ಕ ಸಹಿ ಹಾಕಾಕ ಬರ್ತಾನಂತ. ಕಾರ್ ತಗೀರಿ.”

ಪುಸ್ತಕದಂಗಡಿಯಲ್ಲಿ ಸಾಲು ಬಾಗಿಲು ದಾಟಿತ್ತು. ಇವರ ಮುಂದಿದ್ದ ಹತ್ತು ವರ್ಷದ ಹುಡುಗಿ, “ಸಹಿ ಬೇಡ, ರೇವಾನ್ನ ಬಿಡಿಸ್ಕೊಡಿ” ಎಂದಳು.

ಗಾರ್ಡನ್ ಬೆನ್ನು ಹಿಡಿದುಕೊಂಡ. ಹುಡುಗಿ ಕದಲಲಿಲ್ಲ. ಕೊನೆಗೆ, ವರ್ಷಗಟ್ಟಲೆ ಪೆನ್ಸಿಲ್ ಮುಟ್ಟದ ಕೈಯಲ್ಲಿ, ಬಿಡಿಸಿದ. ಅವಳು ಪುಸ್ತಕವನ್ನು ಅತ್ತ ಇತ್ತ ತಿರುಗಿಸಿ ನೋಡಿದಳು.

“ಇದು ಆಲೂಗಡ್ಡೆನಾ?”

ಶರಣವ್ವ ಮೇಜು ಸುತ್ತಿ ಹೋಗಿ ಗಾರ್ಡನ್ ಪಕ್ಕದ ಖಾಲಿ ಕುರ್ಚಿಯಲ್ಲಿ ಕೂತಳು. ಪೆನ್ನನ್ನು ಎರಡು ಬೆರಳುಗಳ ನಡುವೆ ಸಿಕ್ಕಿಸಿಕೊಂಡಳು. ಹೆಬ್ಬೆರಳು ಮಡಚಲಿಲ್ಲ, ಗೆರೆ ತಪ್ಪಲಿಲ್ಲ. ಗಾಳಿಗೆ ಹಾರುವ ಜಡೆ, ಮೊಂಡು ಮೂಗು, ಸೊಂಟದ ಮೇಲೆ ಕೈ.

“ಇವ್ಳೇ ರೇವಾ!” ಹುಡುಗಿ ಕಿರುಚಿದಳು.

ಗಾರ್ಡನ್ ನೀರು ಕುಡಿದ. ಲೋಟ ಖಾಲಿಯಾದ ಮೇಲೂ ಕುಡಿಯುತ್ತಲೇ ಇದ್ದ. ಕಂಪನಿಯ ಮ್ಯಾನೇಜರ್ ವಿಕಾಸ್ ಓಡಿ ಬಂದ. ಬೆಂಗಳೂರಿನವನು.

“ಆಂಟಿ, ಪ್ಲೀಸ್. ಈ ಟೇಬಲ್ಲು ಚಿತ್ರ ಬಿಡಿಸ್ದೋರಿಗೆ ಮಾತ್ರ.”

“ಹೌದಪಾ, ಅದಕ್ಕ ಕೂತೀನಿ.”

“ನೆಕ್ಸ್ಟ್ ಪ್ರಿಂಟಲ್ಲಿ ನಿಮಗೂ ಥ್ಯಾಂಕ್ಸ್ ಹಾಕ್ತೀವಿ.”

“ಥ್ಯಾಂಕ್ಸ್ ನಾಯಿಗಿರ್ಲಿ. ನನ್ನ ಹೆಸರು ಮೊದಲನೇ ಪುಟದಾಗ ಬರಬೇಕು.”

ಸಾಲಿನ ಕೊನೆಯಿಂದ ನರೆಗೂದಲ ಹೆಂಗಸೊಬ್ಬಳು ಮುಂದೆ ಬಂದಳು. ಡೊಲೊರೆಸ್. ಹತ್ತೊಂಬತ್ತು ವರ್ಷ ಅದೇ ಕಂಪನಿಯಲ್ಲಿ ರೇವಾಳ ಮಾತನ್ನೆಲ್ಲ ಚಿತ್ರಗಳೊಳಗೆ ಕೈಯಿಂದ ಬರೆದವಳು. ಅವಳ ಹೆಸರೂ ಪುಸ್ತಕದಲ್ಲಿರಲಿಲ್ಲ.

“ಇನ್ನೊಂದು ಕುರ್ಚಿ ಇದೆಯಾ?” ಎಂದು ಕೇಳಿದಳು.

ಇರಲಿಲ್ಲ. ಶರಣವ್ವ ಗಾರ್ಡನ್ ಕಡೆ ತಿರುಗಿದಳು.

“ಸರ್, ಏಳ್ರಿ. ಆಕಿ ಕೂಡ್ಲಿ.”

ಸಾಲಿನಲ್ಲಿದ್ದವರೆಲ್ಲ ಅವನನ್ನೇ ನೋಡುತ್ತಿದ್ದರು. ಗಾರ್ಡನ್ ಎದ್ದ.